ಎರಡನೇ ಕ್ಯಾಮೆರಾದವನಿಗೆ

ಪ್ರೀತಿಯ ಎರಡನೇ ಕ್ಯಾಮೆರಾದವನೇ,

ಫೋನ್ ಮಾಡಬಹುದಿತ್ತು. ಆದರೆ ಫೋನಿನಲ್ಲಿ ನೀನು ಅರ್ಧಕ್ಕೇ ನಗುತ್ತೀಯ, ನಾನೂ ನಗುತ್ತೇನೆ, ಹೇಳಬೇಕಾದದ್ದು ಅಡಿಕೆ ರೇಟಿನ ಕಡೆಗೆ ಜಾರಿಹೋಗುತ್ತದೆ. ನಿನಗೊಬ್ಬನಿಗೇ ಬರೆದರೆ ಉತ್ತರ ಬರುವುದು ಮುಂದಿನ ದೀಪಾವಳಿಗೆ. ಹಾಗಾಗಿ ಊರಿಗೆಲ್ಲ ಕಾಣುವಂತೆ ಬರೆಯುತ್ತಿದ್ದೇನೆ. ನಿನ್ನ ಚಿಕ್ಕಪ್ಪನ ಮಕ್ಕಳು ಓದಿ, ನಿನ್ನ ಕಿವಿ ಹಿಂಡಿ ಉತ್ತರ ಬರೆಸುತ್ತಾರೆ ಎಂಬ ನಂಬಿಕೆ. ಉಳಿದ ಓದುಗರು ಕ್ಷಮಿಸಬೇಕು. ನಡುವೆ ಅರ್ಥವಾಗದ ಮಾತು ಬಂದರೆ ಅದು ನಿಮ್ಮ ತಪ್ಪಲ್ಲ, ಆ ಕೋಣದ ತಪ್ಪು.

ಮಳೆ ಹೊಳವು ಕೊಟ್ಟಿದೆಯೇ? ತೋಟಕ್ಕೆ ಎರಡನೇ ಸಲ ಮದ್ದು ಬಿಟ್ಟಾಯಿತೇ? ಮೈಲುತುತ್ತಿನ ನೀಲಿ ಹಿಡಿದ ಬೆರಳಲ್ಲಿ ಮೊಬೈಲ್ ಉಜ್ಜುತ್ತ ಇದನ್ನು ಓದುತ್ತಿರುವ ನೀನು ಇಲ್ಲಿಂದಲೇ ಕಾಣುತ್ತೀಯ.

ಕಳೆದ ಸಲ ಊರಿಗೆ ಬಂದಾಗ ನಿನ್ನ ಅಮ್ಮ ಒಂದು ಪ್ರಶ್ನೆ ಕೇಳಿದ್ದರಲ್ಲ. "ನೀನು ಬೈಕು ಓಡಿಸುವುದಿಲ್ಲ, ಕ್ಯಾಮೆರಾ ಹಿಡಿಯುವುದಿಲ್ಲ, ಟಿವಿಯಲ್ಲಿ ಮಾತಾಡುವುದೂ ಇಲ್ಲ. ಮತ್ತೆ ನಿನಗೆ ಸಂಬಳ ಯಾತಕ್ಕೆ ಕೊಡುತ್ತಾರೆ ಮಗಾ?" ಅಂದು ಹಲಸಿನ ಹಪ್ಪಳ ಬಾಯಲ್ಲಿಟ್ಟುಕೊಂಡು ತಪ್ಪಿಸಿಕೊಂಡೆ. ಇಂದು ಸ್ವಲ್ಪ ಉತ್ತರ ಹೇಳುತ್ತೇನೆ, ಅವರಿಗೆ ಓದಿ ಹೇಳು. ಎಲ್ಲಿ ನಿಲ್ಲಿಸಬೇಕೆಂದು ಕೊನೆಯಲ್ಲಿ ತಿಳಿಸುತ್ತೇನೆ.

ನಾನು ಕೂರುವುದು ರೇಸುಗಳನ್ನು ಟಿವಿಗೆ ನೇರ ಪ್ರಸಾರ ಮಾಡುವ ಓಬಿ ವ್ಯಾನಿನಲ್ಲಿ. ಹೊರಗಿನಿಂದ ನೋಡಿದರೆ ಮಲ್ಪೆಯಿಂದ ಹೊರಟ ಮೀನಿನ ಲಾರಿ. ಕಿಟಕಿ ಇಲ್ಲ. ಯಂತ್ರಗಳಿಗೆ ಸೆಕೆಯಾಗಬಾರದೆಂದು ಎಸಿಯನ್ನು ಹದಿನೆಂಟಕ್ಕೆ ಇಟ್ಟಿರುತ್ತಾರೆ. ಹೊರಗೆ ಡಾಂಬರು ಕಾದು ಕಣ್ಣು ಕೋರೈಸುತ್ತಿರುವಾಗ ನಾನು ಒಳಗೆ ಸ್ವೆಟರ್ ಹಾಕಿಕೊಂಡು, ಕಿವಿಗೆ ಟಾಕ್‌ಬ್ಯಾಕ್ (ಕ್ಯಾಮೆರಾದವರೊಡನೆ ಮಾತಾಡುವ ಹೆಡ್‌ಫೋನು) ಏರಿಸಿಕೊಂಡು, ಗೋಡೆ ತುಂಬ ಮಿಣುಕುವ ಮಾನಿಟರ್‌ಗಳ ಎದುರು ಕ್ಯಾಮೆರಾಗಳ ಅಂಕೆ ಹೇಳುತ್ತಿರುತ್ತೇನೆ. "ಮೂರು ಹಾಗೇ ಇರಲಿ. ನಾಲ್ಕು ಸಿದ್ಧ. ನಾಲ್ಕು." ಅಷ್ಟೇ ನನ್ನ ಕೆಲಸ. ಪ್ರೊಡ್ಯೂಸರ್ ಆದವರು ಕಥೆ ಯಾವುದೆಂದು ಹೇಳಬೇಕು, ಡೈರೆಕ್ಟರ್ ಆದವನು, ಅಂದರೆ ನಾನು, ಚಿತ್ರ ಯಾವುದೆಂದು ಹೇಳಬೇಕು ಎಂಬುದು ಶಾಸ್ತ್ರ. ವಾಸ್ತವದಲ್ಲಿ ಪ್ರೊಡ್ಯೂಸರ್ ಹೇಳುವುದು ಜಾಹೀರಾತಿಗೆ ಇನ್ನೆಷ್ಟು ಸೆಕೆಂಡ್ ಉಳಿದಿದೆ ಎಂದು. ನೂರು ಅಡಿ ಆಚೆ ಬೈಕುಗಳ ಹಿಂಡು ಹಾದುಹೋದದ್ದು ನನ್ನ ಮೈಗೆ ತಿಳಿಯುವುದು ಮೇಜಿನ ಮೇಲಿನ ಚಹಾ ನಡುಗಿದಾಗ.

ಕಣ್ಣಾರೆ ರೇಸ್ ನೋಡಿದ್ದು ನಿನ್ನ ಜೊತೆಗೇ ಕೊನೆ ಎಂದು ಕಾಣುತ್ತದೆ. ಚಾರ್ಮಾಡಿ ಹತ್ತಿ, ಕೊಟ್ಟಿಗೆಹಾರದಲ್ಲಿ ನೀರುದೋಸೆ ತಿಂದು, ಚಿಕ್ಕಮಗಳೂರಿನ ಕಾಫಿ ತೋಟದ ಮಣ್ಣುದಾರಿಯ ತಿರುವಿನಲ್ಲಿ ರ್‍ಯಾಲಿ ಕಾರುಗಳಿಗಾಗಿ ಬೆಳಗಿನಿಂದ ಕಾದು ಕೂತಿದ್ದೆವಲ್ಲ, ಅಂದು. ಗೌರವ್ ಗಿಲ್ ಕಾರು ಬಂದು ಹೋದದ್ದಕ್ಕೆ ನಮ್ಮ ಬಳಿ ಉಳಿದ ಸಾಕ್ಷಿ ನಿನ್ನ ಬಿಳಿ ಅಂಗಿಯ ಮೇಲಿನ ಕೆಂಪು ಧೂಳು ಮಾತ್ರ. ಕ್ಯಾಮೆರಾ ಆನ್ ಮಾಡಲು ನಾವಿಬ್ಬರೂ ಮರೆತಿದ್ದೆವು. ಎಂಥ ಸುಖ ಮಾರಾಯಾ ಅದು.

ಈ ವಿದ್ಯೆಯ ಮೊದಲ ಪಾಠ ಕಲಿಸಿದ್ದೂ ನೀನೇ, ವೇಣೂರಿನ ಕಂಬಳದಲ್ಲಿ. ಕರೆಯ (ಕೋಣ ಓಡುವ ಕೆಸರಿನ ಹಾದಿಯ) ಈ ಬದಿಗೆ ನಾನು, ಆ ಬದಿಗೆ ನೀನು. ಮನೆಗೆ ಬಂದು ಎರಡನ್ನೂ ಜೋಡಿಸಿ ನೋಡಿದರೆ ಕೋಣಗಳು ಅರ್ಧ ದಾರಿ ಬಲಕ್ಕೆ ಓಡಿ, ಮತ್ತೆ ಎಡಕ್ಕೆ ವಾಪಸು ಬರುತ್ತಿದ್ದವು. ನಿನ್ನ ಅಪ್ಪ ಕನ್ನಡಕ ಏರಿಸಿ "ಹೆದರಿ ಹಿಂದೆ ಬಂದವೇನು?" ಎಂದು ಕೇಳಿದರು. ಓಡುವ ವಸ್ತುವಿಗೆ ಎಲ್ಲ ಕ್ಯಾಮೆರಾಗಳೂ ಒಂದೇ ಮಗ್ಗುಲಲ್ಲಿ ಇರಬೇಕು ಎಂಬ ನಿಯಮವನ್ನು ಆಮೇಲೆ ಮುಂಬೈಯಲ್ಲಿ ದೊಡ್ಡ ದೊಡ್ಡವರು ಹಲಗೆಯ ಮೇಲೆ ಗೆರೆ ಎಳೆದು ಹೇಳಿಕೊಟ್ಟರು. ನನಗೆ ಮಾತ್ರ ಅದು ಇಂದಿಗೂ ನಿನ್ನ ಅಪ್ಪನ ಕನ್ನಡಕದ ನಿಯಮವೇ. (ಎರಡನೇ ಕರೆಯ ಹತ್ತಿರ ಆಮೇಲೆ ನಡೆದದ್ದನ್ನು ಇಲ್ಲಿ ಬರೆಯುವುದಿಲ್ಲ. ಆಣೆ ಇಟ್ಟಿದ್ದೇನೆ.)

ಎರಡನೇ ಪಾಠ ಮದುವೆಮನೆಯದು. ಪಂಕ್ತಿಯಲ್ಲಿ ಸಾರಿನ ಬಕೆಟ್ ಕೈಯಿಂದ ಕೈಗೆ ಹೋಗುವ ಹಾಗೆ ಬೈಕು ಒಂದು ಕ್ಯಾಮೆರಾದ ಕೈಯಿಂದ ಇನ್ನೊಂದರ ಕೈಗೆ ಹೋಗಬೇಕು. ಮೊದಲನೆಯವನು ಬಿಡುವ ಮೊದಲು ಎರಡನೆಯವನು ಹಿಡಿದಿರಬೇಕು. ನಡುವೆ ಕೈ ಖಾಲಿ ಇರುವಂತಿಲ್ಲ. ಇದನ್ನು ನೆನಪಿನಲ್ಲಿಟ್ಟುಕೋ, ಬೇಕಾಗುತ್ತದೆ.

ದೊಡ್ಡ ಟ್ರ್ಯಾಕುಗಳಲ್ಲಿ ಇದು ಎಷ್ಟು ಹಣ ತಿನ್ನುವ ಕೆಲಸ ಎಂದು ಹೊರಗಿನವರಿಗೆ ತಿಳಿಯುವುದಿಲ್ಲ. ಚೆನ್ನೈ ಹತ್ತಿರದ ಇರುಂಗಾಟ್ಟುಕೋಟೈ ಟ್ರ್ಯಾಕು 1990ರದು, ಸುತ್ತಳತೆ ಸುಮಾರು 3.7 ಕಿಲೋಮೀಟರ್. ಗ್ರೇಟರ್ ನೊಯ್ಡಾದ ಬುದ್ಧ ಸರ್ಕ್ಯೂಟ್ 5.125 ಕಿಲೋಮೀಟರ್. ಇಂಥ ಸುತ್ತಿಗೆಲ್ಲ ಕೇಬಲ್ ಎಳೆಯಬೇಕು, ತಿರುವಿಗೊಂದು ಅಟ್ಟ ಕಟ್ಟಬೇಕು, ಅಟ್ಟದ ಮೇಲಿನವನಿಗೆ ಮಧ್ಯಾಹ್ನ ಮೊಸರನ್ನದ ಪೊಟ್ಟಣವನ್ನು ಹಗ್ಗ ಕಟ್ಟಿ ಏರಿಸಬೇಕು. 2011ರಲ್ಲಿ ಬುದ್ಧ ಸರ್ಕ್ಯೂಟಿನಲ್ಲಿ ಮೊದಲ ಸಲ ಫಾರ್ಮುಲಾ ಒನ್ ನಡೆದಾಗ ಶುಕ್ರವಾರದ ಮೊದಲ ಅಭ್ಯಾಸದ ಹೊತ್ತಿಗೇ ಒಂದು ಬೀದಿನಾಯಿ ಟ್ರ್ಯಾಕಿಗೆ ಇಳಿದು, ಕೆಂಪು ಬಾವುಟ ತೋರಿಸಿ ಎಲ್ಲವನ್ನೂ ನಿಲ್ಲಿಸಬೇಕಾಯಿತು. ದೇಶದ ಮಾನ ಹೋಯಿತೆಂದು ಎಲ್ಲರೂ ತಲೆ ಚಚ್ಚಿಕೊಂಡರು. ನನಗೆ ಮಾತ್ರ ಆ ನಾಯಿಯ ಮೇಲೆ ಗೌರವ. ಅಷ್ಟು ಕ್ಯಾಮೆರಾಗಳು ಒಟ್ಟಿಗೆ ತನ್ನ ಹಿಂದೆ ಓಡುವಂತೆ ಮಾಡುವುದು ಸುಲಭವಲ್ಲ.

ನಮ್ಮದು ಅಂಥದ್ದಲ್ಲ. ನಮ್ಮ ರಾಷ್ಟ್ರೀಯ ಮಟ್ಟದ ಬೈಕ್ ರೇಸಿಗೆ ನನಗೆ ಸಿಗುವುದು ಒಂಬತ್ತು ಕ್ಯಾಮೆರಾ. ಆಸ್ಟ್ರೇಲಿಯಾದ ಬಾಥರ್ಸ್ಟ್ ಓಟದಲ್ಲಿ 1979ರಲ್ಲೇ ಚಾನೆಲ್ 7ನವರು ಕಾರಿನೊಳಗೆ ಕ್ಯಾಮೆರಾ ಕೂರಿಸಿ, ಓಡಿಸುತ್ತಿದ್ದವನನ್ನು ಓಟದ ನಡುವೆಯೇ ಮಾತಾಡಿಸಿದ್ದರು. ನಮ್ಮ ಹುಡುಗರ ಬೈಕಿನ ಮೇಲೆ ನೇರ ಪ್ರಸಾರದ ಕ್ಯಾಮೆರಾ ಇಂದಿಗೂ ಇಲ್ಲ. ಒಂಬತ್ತರಲ್ಲಿ ಒಂದು ತಿರುಗಿದರೆ ಅಲ್ಲಿ ಕತ್ತಲೆ.

ಇನ್ನು ವಿಷಯಕ್ಕೆ ಬರುತ್ತೇನೆ. ಬರಲು ಮನಸ್ಸಿಲ್ಲದೆ ನಾಯಿ, ಕೋಣ ಎಂದು ಸುತ್ತು ಹಾಕುತ್ತಿದ್ದೇನೆಂದು ನಿನಗೆ ಆಗಲೇ ಗೊತ್ತಾಗಿರುತ್ತದೆ.

ಮೊನ್ನೆ ಒಂದು ಭಾನುವಾರ. ಟ್ರ್ಯಾಕಿನ ಹೆಸರು ಬೇಡ, ತಪ್ಪು ಟ್ರ್ಯಾಕಿನದಲ್ಲ. ಮೂರನೇ ರೇಸ್. ಮುಂದಿದ್ದವನು ಒಬ್ಬನೇ ತಣ್ಣಗೆ ಹೋಗುತ್ತಿದ್ದ. ಅವನನ್ನು ಬಿಟ್ಟು ಹಿಂದೆ ಏಳು ಹುಡುಗರ ಒಂದು ಗುಂಪನ್ನು ಹಿಡಿದಿದ್ದೆ. ನಾಲ್ಕನೇ ಸ್ಥಾನಕ್ಕಾಗಿ ಒಬ್ಬರ ಮೊಣಕೈ ಇನ್ನೊಬ್ಬರಿಗೆ ತಾಗುವಂತೆ ಕಚ್ಚಾಡುತ್ತಿದ್ದರು. ಆಗ ಕಿವಿಯಲ್ಲಿ ಪ್ರೊಡ್ಯೂಸರ್: ಪ್ರಾಯೋಜಕರ ಕಡೆಯ ದೊಡ್ಡ ಮನುಷ್ಯರು ಬಂದು ಶಾಮಿಯಾನದಲ್ಲಿ ಕೂತಿದ್ದಾರೆ, ಒಂದು ಸಲ ತೋರಿಸಿಬಿಡಿ. ಬೈಕು ರಿಪೇರಿಯ ಪಿಟ್ಟಿನಲ್ಲಿ ಓಡಾಡುವ ಕ್ಯಾಮೆರಾದ ಸಿಗ್ನಲ್ ಬೆಳಗಿನಿಂದ ಕೈಕೊಟ್ಟಿತ್ತು. ಐದನೇ ಕ್ಯಾಮೆರಾದ ಅಟ್ಟದಿಂದ ಶಾಮಿಯಾನ ಕಾಣುತ್ತದೆ. ಗುಂಪು ಐದನೇ ತಿರುವಿಗೆ ಬರಲು ಇನ್ನೂ ಇಪ್ಪತ್ತು ಸೆಕೆಂಡ್ ಇದೆ ಎಂದು ನನ್ನ ಲೆಕ್ಕ. "ಐದು, ಬಲಕ್ಕೆ ತಿರುಗಿ ಆ ಶಾಮಿಯಾನ ಕೊಡಿ" ಎಂದೆ. ಅವರು ಕೊಟ್ಟರು. ಬಿಳಿ ಅಂಗಿಯ ಮನುಷ್ಯ, ಕೈಯಲ್ಲಿ ಎಳನೀರು. ಲೆನ್ಸ್ ಎಷ್ಟು ಉದ್ದದ್ದೆಂದರೆ ಸ್ಟ್ರಾದ ಮೇಲಿನ ಕೆಂಪು ಗೆರೆ ಸ್ಪಷ್ಟವಾಗಿ ಕಾಣುತ್ತಿತ್ತು.

ನನ್ನ ಇಪ್ಪತ್ತು ಸೆಕೆಂಡ್ ಹನ್ನೆರಡೇ ಆಗಿತ್ತು.

ನಾಲ್ಕನೇ ಕ್ಯಾಮೆರಾದಿಂದ ಹೊರಗೆ ಹೋದವರು ಏಳು ಮಂದಿ. ಆರನೆಯದಕ್ಕೆ ಬಂದವರು ಆರು.

ಮಾನಿಟರ್ ಗೋಡೆಯ ಮುಂದೆ ಕೂತು ಎಣಿಕೆ ತಪ್ಪುವುದು ಹೇಗಿರುತ್ತದೆಂದು ನಿನಗೆ ಹೇಳಲಾರೆ. ಮತ್ತೆ ಎಣಿಸಿದೆ. ಆರೇ. ಅಷ್ಟರಲ್ಲಿ ಕೆಂಪು ಬಾವುಟ. ಐದು ತಡಬಡಾಯಿಸಿ ತಿರುಗಿ ಬಂದಾಗ ಅಲ್ಲಿ ಟ್ರ್ಯಾಕು ಕಾಯುವ ಮಾರ್ಷಲ್‌ಗಳ ಬೆನ್ನುಗಳಿದ್ದವು, ಬೆನ್ನುಗಳ ನಡುವೆ ಅಲುಗಾಡದ ಒಂದು ಬೂಟು. ಹಿಂದಿನ ಚಕ್ರ ಜಾರಿ, ಮತ್ತೆ ಏಕಾಏಕಿ ನೆಲ ಕಚ್ಚಿ, ಸವಾರನನ್ನು ಕವಣೆಯ ಕಲ್ಲಿನಂತೆ ಮೇಲಕ್ಕೆ ಎಸೆಯುತ್ತದೆ. ಹೈಸೈಡ್ ಎನ್ನುತ್ತಾರೆ. ಆಗಿದ್ದು ಅದೇ ಎಂದು ಆಮೇಲೆ ಮಾರ್ಷಲ್‌ಗಳು ಹೇಳಿದರು. ಹುಡುಗನಿಗೆ ಹತ್ತೊಂಬತ್ತು.

"ಒಂದು" ಎಂದೆ. ಒಂದು ಎಂದರೆ ಗೋಪುರದ ಮೇಲಿನ ಕ್ಯಾಮೆರಾ, ಇಡೀ ಟ್ರ್ಯಾಕು ತೋರಿಸುವ ಅಗಲದ ಚಿತ್ರ. ಅಲ್ಲೇ ಇದ್ದೆ. ಕಾಮೆಂಟ್ರಿಯವರಿಗೆ "ಸ್ವಲ್ಪ ಸುಮ್ಮನಿರಿ" ಎಂದೆ. ನಾಲ್ಕು ನಿಮಿಷ ಹತ್ತು ಸೆಕೆಂಡ್, ಟಿವಿಯಲ್ಲಿ ಬಿಸಿಲು, ಖಾಲಿ ಟ್ರ್ಯಾಕು, ದೂರದಲ್ಲಿ ಬೆಂಕಿಪೆಟ್ಟಿಗೆಯಷ್ಟು ದೊಡ್ಡ ಆಂಬುಲೆನ್ಸ್. ಆಮೇಲೆ ಸ್ಟ್ರೆಚರಿನ ಮೇಲಿಂದ ಹೆಬ್ಬೆರಳು ಎದ್ದಿತು. ಕಾಲರ್‌ಬೋನ್ ಮುರಿದಿತ್ತು, ಬೇರೇನೂ ಇಲ್ಲ.

ಸಂಜೆಯಿಂದ ಸಂದೇಶಗಳು. "ಎಂಥ ಸಂಯಮ", "ಬಿದ್ದದ್ದನ್ನು ಒಂದು ಸಲವೂ ತೋರಿಸಲಿಲ್ಲ, ಇದು ಪ್ರಬುದ್ಧ ಪ್ರಸಾರ", "ನಿಮ್ಮಿಂದ ವಿದೇಶದವರು ಕಲಿಯಬೇಕು." ಬಿದ್ದವನು ಎದ್ದ ಸುದ್ದಿ ಬರುವವರೆಗೆ ಬಿದ್ದದ್ದನ್ನು ಮತ್ತೆ ತೋರಿಸಬಾರದೆಂಬ ಶಿಸ್ತು ನಮ್ಮ ಕಸುಬಿನಲ್ಲಿ ಇದೆ, ನಿಜ. ಸುದ್ದಿ ಬಂದ ಮೇಲೂ ನಾನು ತೋರಿಸಲಿಲ್ಲವಲ್ಲ, ಅದಕ್ಕೆ ಈ ಹೂಮಾಲೆ.

ತೋರಿಸಲು ನನ್ನ ಬಳಿ ಏನಿತ್ತು ಮಾರಾಯಾ? ಹುಡುಗ ಗಾಳಿಯಲ್ಲಿದ್ದ ಆ ಕ್ಷಣಕ್ಕೆ ಸರಿಯಾಗಿ ಐದನೇ ಕ್ಯಾಮೆರಾದಲ್ಲಿ ಇದ್ದದ್ದು ಎಳನೀರು.

ಇಷ್ಟಾದರೆ ತಮಾಷೆಯಾಗಿ ಮುಗಿಯುತ್ತಿತ್ತು. ಸಂಜೆ ಕೇಬಲ್ ಸುತ್ತುತ್ತಿದ್ದಾಗ ಹುಡುಗನ ತಂದೆ ವ್ಯಾನಿನ ಬಾಗಿಲಿಗೆ ಬಂದರು. ತುಮಕೂರು ಕಡೆಯವರು. ಟಾಕ್‌ಬ್ಯಾಕಿನಲ್ಲಿ ಯಾರನ್ನೋ ಬೈಯುತ್ತಿದ್ದ ನನ್ನ ಕನ್ನಡ ಕೇಳಿ ಧೈರ್ಯ ಬಂತಂತೆ. ಚಪ್ಪಲಿಯನ್ನು ಮೆಟ್ಟಿಲ ಕೆಳಗೇ ಬಿಟ್ಟಿದ್ದರು, ದೇವಸ್ಥಾನಕ್ಕೆ ಬಂದವರ ಹಾಗೆ. "ಇವನ ತಾಯಿ ಮನೆಯಲ್ಲಿ ಮೊಬೈಲಿನಲ್ಲಿ ನೋಡುತ್ತಿದ್ದಳು ಸಾರ್. ಅವಳಿಗೆ ರಕ್ತದೊತ್ತಡ ಇದೆ. ನೀವು ಅವನು ಬೀಳುವುದನ್ನು ತೋರಿಸಲಿಲ್ಲ. ನಿಮಗೆ ಪುಣ್ಯ ಬರಲಿ" ಎಂದರು.

ನಾನು ಏನು ಹೇಳಿದೆ ಗೊತ್ತೇ? ಕೈ ಮುಗಿದು, ಧ್ವನಿ ತಗ್ಗಿಸಿ, "ಅದು ನಮ್ಮ ಕರ್ತವ್ಯ ಸಾರ್" ಎಂದೆ.

ಯಾರೂ ನನ್ನನ್ನು ಕೇಳಿರಲಿಲ್ಲ. ಸುಮ್ಮನೆ ಕೈ ಮುಗಿದಿದ್ದರೂ ಸಾಕಿತ್ತು. ಕರ್ತವ್ಯ ಎಂಬ ಪದ ಬಾಯಿಗೆ ಎಲ್ಲಿಂದ ಬಂತೆಂದು ಇವತ್ತಿಗೂ ಯೋಚಿಸುತ್ತಿದ್ದೇನೆ.

ಬಹುಶಃ 2020ರಿಂದ. ಆ ವರ್ಷದ ನವೆಂಬರ್ 29ರಂದು ಬಹ್ರೇನ್‌ನಲ್ಲಿ ಫಾರ್ಮುಲಾ ಒನ್ ಚಾಲಕ ರೋಮೇನ್ ಗ್ರೋಜಾನ್ ಕಾರು ತಡೆಗೋಡೆಗೆ ನುಗ್ಗಿ ಎರಡಾಗಿ ಸೀಳಿ ಹೊತ್ತಿ ಉರಿಯಿತಲ್ಲ. ಸುಮಾರು 28 ಸೆಕೆಂಡ್ ಬೆಂಕಿಯೊಳಗಿದ್ದು ಅವನು ತಾನಾಗಿಯೇ ಹೊರಬಂದ. ಅವನು ಬದುಕಿದ್ದಾನೆಂದು ಖಚಿತವಾಗುವವರೆಗೆ ಪ್ರಸಾರದವರು ಆ ದೃಶ್ಯವನ್ನು ತಡೆಹಿಡಿದರು, ಆಮೇಲೆ ಮತ್ತೆ ಮತ್ತೆ ಹಾಕಿದರು. ಮನೆಯವರೆಲ್ಲ ನೋಡುತ್ತಿರುತ್ತಾರೆ, ನಾವು ಇನ್ನೂ ಮತ್ತೆ ಕಾರು ಹತ್ತಬೇಕಿದೆ ಎಂದು ಅವನ ಜೊತೆ ಓಡುತ್ತಿದ್ದ ಡೇನಿಯಲ್ ರಿಕಾರ್ಡೊ ಸಿಟ್ಟಾಗಿದ್ದ. ಆ ರಾತ್ರಿ ನಾನೂ ಉದ್ದವಾಗಿ ಬರೆದು ಹಾಕಿದ್ದೆ. ನೋವನ್ನು ಮಾರುವವರು, ಅದು ಇದು. ನೀನು ಅದಕ್ಕೆ ಹೃದಯ ಒತ್ತಿದ್ದೆ. ಒತ್ತಿದವರು ಇನ್ನೂರು ಜನ. ಒಬ್ಬೊಬ್ಬರ ಹೆಸರೂ ಓದಿದ್ದೆ.

ಈಗ ನಿಜ ಹೇಳುತ್ತೇನೆ. ಐದನೇ ಕ್ಯಾಮೆರಾ ಅಲ್ಲೇ ಇದ್ದಿದ್ದರೆ, ಹೆಬ್ಬೆರಳು ಎದ್ದ ಮರುಕ್ಷಣವೇ ನಾನು ತೋರಿಸುತ್ತಿದ್ದೆ. ಒಂದು ಸಲ ಸಹಜ ವೇಗದಲ್ಲಿ, ಮೂರು ಸಲ ನಿಧಾನವಾಗಿ, ನಡುವೆ ಪ್ರಾಯೋಜಕರ ಲಾಂಛನ ಹಾರಿಸಿ. ತಾಯಿ, ರಕ್ತದೊತ್ತಡ ಯಾವುದೂ ನೆನಪಿಗೆ ಬರುತ್ತಿರಲಿಲ್ಲ.

ಆ ನಾಲ್ಕು ನಿಮಿಷ ಹತ್ತು ಸೆಕೆಂಡಿನಲ್ಲಿ ನನ್ನ ತಲೆಯಲ್ಲಿ ಹುಡುಗ ಇದ್ದನೇ ಎಂದು ಕೇಳಿದರೆ, ಮೊದಲ ಅರ್ಧ ನಿಮಿಷ ಇದ್ದ. ಆಮೇಲೆ ನಾನು ಚಾನೆಲ್‌ನವರಿಗೆ ಐದು ಯಾಕೆ ಬೇರೆ ಕಡೆ ತಿರುಗಿತ್ತು ಎಂಬುದಕ್ಕೆ ಉತ್ತರ ಕಟ್ಟುತ್ತಿದ್ದೆ. ವಾಕ್ಯಗಳನ್ನು ಜೋಡಿಸುತ್ತಿದ್ದೆ, ಇಂಗ್ಲಿಷಿನಲ್ಲಿ. ಹೆಬ್ಬೆರಳು ಎದ್ದಾಗ ವ್ಯಾನಿನಲ್ಲಿ ಎಲ್ಲರೂ ಚಪ್ಪಾಳೆ ತಟ್ಟಿದರು, ಚಿತ್ರ ಬದಲಿಸುವ ಸ್ವಿಚ್ಚರ್ ಮೇಲಿದ್ದವರ ಕಣ್ಣು ತುಂಬಿತ್ತು. ನನ್ನ ಬಾಯಿಂದ ಬಂದ ಮೊದಲ ಮಾತು, "ಬಿದ್ದದ್ದು ಯಾರ ಹತ್ತಿರವಾದರೂ ಇದೆಯೇ?"

ಇನ್ನೂ ಒಂದಿದೆ. ಇದನ್ನು ಬರೆಯಬೇಕೆಂದು ಕೂತಿರಲಿಲ್ಲ. ಎಲ್ಲರೂ ಇಳಿದುಹೋದ ಮೇಲೆ ರಿಪ್ಲೇ ಯಂತ್ರದ ಹುಡುಗಿಯನ್ನು ನಿಲ್ಲಿಸಿಕೊಂಡೆ. ಈ ವರ್ಷವಷ್ಟೇ ಸೇರಿದವಳು, ಚುರುಕು. ಐದನೆಯದನ್ನು ಹಿಂದಕ್ಕೆ ತಿರುಗಿಸು ಎಂದೆ. ಬಿಳಿ ಅಂಗಿ, ಎಳನೀರು, ಸ್ಟ್ರಾ. ಮತ್ತೆ ತಿರುಗಿಸು ಎಂದೆ. ಎಡ ಅಂಚಿನಲ್ಲಿ, ಶಾಮಿಯಾನದ ಕಂಬದ ಹಿಂದೆ, ಏನೋ ಒಂದು ನೀಲಿ ಕಲೆ ಹಾದುಹೋಗುತ್ತದೆ. ಒಂಬತ್ತು ಫ್ರೇಮ್. ಸೆಕೆಂಡಿಗೆ ಇಪ್ಪತ್ತೈದು ಫ್ರೇಮ್ ಎಂದರೆ ಕಣ್ಣು ಮಿಟುಕಿಸುವಷ್ಟು ಹೊತ್ತು. ಹುಡುಗನ ಸೂಟೂ ನೀಲಿ. ಇನ್ನೊಂದು ಸಲ ತಿರುಗಿಸು ಎಂದೆ. ಹಿಗ್ಗಿಸಿ ನೋಡಿದೆವು. ಕಲೆ ದೊಡ್ಡ ಕಲೆಯಾಯಿತು. ಅದು ಅವನೇ ಇರಬಹುದು, ಪ್ಲಾಸ್ಟಿಕ್ ಕುರ್ಚಿ ಎತ್ತಿಕೊಂಡು ಹೋಗುತ್ತಿದ್ದವನೂ ಇರಬಹುದು. ನಾನು ಪರದೆಗೆ ಮೂಗು ತಾಗಿಸಿಕೊಂಡು ಅವನೇ ಆಗಿರಲಿ ಎಂದು ಹಾರೈಸುತ್ತಿದ್ದೆ. ತಿರುಗಿ ನೋಡಿದರೆ ಹುಡುಗಿ ಪರದೆ ನೋಡುತ್ತಿರಲಿಲ್ಲ, ನನ್ನ ಮುಖ ನೋಡುತ್ತಿದ್ದಳು.

ಅವಳು ಏನೂ ಹೇಳಲಿಲ್ಲ. ಕ್ಲಿಪ್ಪಿಗೆ ಹೆಸರು ಕೊಡಬೇಕಿತ್ತು, "ಎಳನೀರು" ಎಂದು ಟೈಪು ಮಾಡಿ ಉಳಿಸಿ ಎದ್ದು ಹೋದಳು. ಅಳಿಸು ಎಂದು ನಾನೂ ಹೇಳಲಿಲ್ಲ.

ಈ ದೇಶದ ಟ್ರ್ಯಾಕುಗಳಲ್ಲಿ ಹುಡುಗರು ಸತ್ತದ್ದೂ ಇದೆ, ನಿನಗೆ ಗೊತ್ತು. ಅದಕ್ಕೇ ನಿದ್ದೆ ಬರುತ್ತಿಲ್ಲ ಎಂದು ಬರೆದರೆ ಓದುವವರಿಗೆ ಚೆನ್ನಾಗಿರುತ್ತದೆ. ನಿದ್ದೆ ಚೆನ್ನಾಗಿಯೇ ಬರುತ್ತಿದೆ. ಎಚ್ಚರವಾದಾಗ ಮಾತ್ರ ಆ ಹುಡುಗಿಯ ಮುಖ.

ಹೋಗಲಿ ಬಿಡು. ಅಡಿಕೆ ರೇಟು ಎಷ್ಟಾಗಿದೆ?

ನೀನು ಹನ್ನೊಂದು ಸಲ ಕಳಿಸಿದ ಆ ಮೊನಾಕೊ ಫಾರ್ಮುಲಾ ಒನ್ ಓಟದ ತುಣುಕು ಈಗ ನನ್ನ ಮೊಬೈಲಿನಲ್ಲಿ ಪೂಜೆಗೆ ಇಟ್ಟಂತಿದೆ. 2021ರಲ್ಲಿ ವೆಟೆಲ್ ಮತ್ತು ಗ್ಯಾಸ್ಲಿ ಚಕ್ರಕ್ಕೆ ಚಕ್ರ ತಾಗಿಸಿಕೊಂಡು ಏರು ಹತ್ತುತ್ತಿರುವಾಗ, ಅದನ್ನು ಬಿಟ್ಟು ಲ್ಯಾನ್ಸ್ ಸ್ಟ್ರೋಲ್ ಅಂಚುಗಲ್ಲು ತಾಗಿಸಿದ್ದನ್ನು ತೋರಿಸಿದ ಅಲ್ಲಿನ ಡೈರೆಕ್ಟರ್ ಪುಣ್ಯಾತ್ಮ. ಲೋಕವೆಲ್ಲ ನಕ್ಕಿತು. 2023ರಿಂದ ಅಲ್ಲಿನ ಪ್ರಸಾರವನ್ನೂ ಫಾರ್ಮುಲಾ ಒನ್‌ನವರೇ ವಹಿಸಿಕೊಂಡರು. ನಾನು ನಕ್ಕಾಗ ನೀನು ಒಂದು ಮಾತು ಹೇಳಿದ್ದೆ, "ನಿನಗೂ ಒಂದು ದಿನ ಬರುತ್ತದೆ" ಎಂದು. ಬಂತು. ಆದರೆ ನೋಡು ನನ್ನ ಜಾತಕ: ಅವನಿಗೆ ಸಿಕ್ಕಿದ್ದು ಬೈಗುಳ, ನನಗೆ ಸನ್ಮಾನ. ಮುಂದಿನ ತಿಂಗಳು ಎಲ್ಲೋ ಒಂದು ಕಡೆ "ಸಂವೇದನಾಶೀಲ ಪ್ರಸಾರ" ಎಂಬ ವಿಷಯದ ಮೇಲೆ ಮಾತಾಡಲು ಕರೆದಿದ್ದಾರೆ. ಶಾಲು, ಹಾರ, ಫಲತಾಂಬೂಲ ಎಲ್ಲ ಉಂಟಂತೆ. ಒಪ್ಪಿಕೊಂಡೆನೋ ಇಲ್ಲವೋ ಎಂದು ಕೇಳಬೇಡ. ಈ ಪತ್ರ ಓದಿ ಅವರೇ ಬೇಡ ಎಂದರೆ ನನಗೆ ಒಂದು ಕೆಲಸ ಕಡಿಮೆ.

ಮಳೆಗಾಲ ಮುಗಿದ ಮೇಲೆ ಒಂದು ರೇಸಿಗೆ ಬಾ. ಐದನೇ ಅಟ್ಟಕ್ಕೆ ಒಬ್ಬರು ಬೇಕಾಗಿದ್ದಾರೆ, ಇದ್ದವರು ನಾನು ಎಲ್ಲೆಲ್ಲಿಗೋ ತಿರುಗಿಸುತ್ತೇನೆಂದು ಬೇಸರಪಟ್ಟು ಕ್ರಿಕೆಟ್ಟಿಗೆ ಹೋದರು. ದಿನಗೂಲಿ ಕಡಿಮೆ, ಬಿಸಿಲು ಜಾಸ್ತಿ, ಮೊಸರನ್ನ ಹಗ್ಗದಲ್ಲಿ ಬರುತ್ತದೆ. ಕೋಣಗಳಿಲ್ಲ. ನಾನು ತಿರುಗು ಎಂದರೂ ತಿರುಗದವನು ನೀನೊಬ್ಬನೇ, ವೇಣೂರಿನಲ್ಲೇ ನೋಡಿದ್ದೇನೆ.

ಇತಿ ನಿನ್ನ,
ಮೊದಲನೇ ಕ್ಯಾಮೆರಾ

ತಾಜಾ ಕಲಂ: ಅಮ್ಮನಿಗೆ ಓದಿ ಹೇಳುವಾಗ ನಾಯಿಯ ಭಾಗಕ್ಕೆ ನಿಲ್ಲಿಸು. ಮುಂದಕ್ಕೆ ಓದಿದರೆ ಅವರು ಮೊದಲು ಕೇಳುವುದು ಆ ಮನುಷ್ಯ ಒಂದು ಎಳನೀರಿಗೆ ಎಷ್ಟು ಕೊಟ್ಟ ಎಂದು. ಅದು ನನಗೂ ಗೊತ್ತಿಲ್ಲ.